ಹುಟ್ಟಿದೂರು ಲಿಂಗಸೂಗೂರು

ಪುರಸಭೆಯ ಜವಾನ ಲಕೋಟೆ ಹಿಡಿದುಕೊಂಡು ಬಂದಾಗ ಸೂಗಮ್ಮ ಹೈದರಾಬಾದಿನ ಉಪ್ಪಲ್ ದಾರಿಯ ಒಂದು ಕೇರಿಯಲ್ಲಿ ಬೇವಿನ ಕಟ್ಟೆಯ ಮೇಲೆ ಕೂತು, ಅಳುವ ಕೂಸೊಂದರ ತೋಳಿಗೆ ದೇವಿ ಹಾಕುತ್ತಿದ್ದಳು. ಸಿಡುಬು ಇನ್ನೂ ಪೂರ್ತಿ ಊರು ಬಿಟ್ಟಿರದ ಕಾಲ ಅದು. ಅದನ್ನು ತಡೆಯುವ ಈ ಟೀಕಾ ಹಾಕಲು ಗಂಡಸರು ಹೋದರೆ ಹೆಂಗಸರು ಬಾಗಿಲು ಹಾಕಿಕೊಂಡು ಕೂಸುಗಳನ್ನು ಅಟ್ಟದ ಮೇಲೆ ಅಡಗಿಸಿಬಿಡುತ್ತಿದ್ದರು. ಅದಕ್ಕೆಂದೇ ಪುರಸಭೆ ಹೆಂಗಸರನ್ನು ನೇಮಿಸಿಕೊಂಡಿತ್ತು. ಸೂಗಮ್ಮ ಮೊದಲು ಮನೆಯವರ ಕೈಯಿಂದ ನೀರು ಇಸಕೊಂಡು ಕುಡಿಯುವಳು, ಅತ್ತೆಯ ಮೊಣಕಾಲು ನೋವು ವಿಚಾರಿಸುವಳು, ಆಮೇಲೆ ಮಾತಾಡುತ್ತಲೇ ಸೂಜಿ ತೆಗೆಯುವಳು. ಕೇರಿಯ ತೆಲುಗು ಹೆಂಗಸರು ಅವಳನ್ನು 'ಟೀಕಾಲಮ್ಮ' ಎಂದು ಕರೆಯುತ್ತಿದ್ದರು.

ಜವಾನ ಲಕೋಟೆ ಚಾಚಿದ. "ಸ್ವಲ್ಪ ನಿಲ್ಲಪ್ಪ" ಎಂದು ಅವಳು ಕಟ್ಟೆಯ ಸುತ್ತ ಕಾದಿದ್ದ ಎಲ್ಲ ಕೂಸುಗಳನ್ನೂ ಮುಗಿಸಿ, ಕೈ ತೊಳೆದುಕೊಂಡು, ಆಮೇಲೆ ಒಡೆದು ಓದಿದಳು. ತಾವು ಮುಲ್ಕಿ ಅಲ್ಲವೆಂದು ಕಂಡುಬಂದಿರುವುದರಿಂದ ತಮ್ಮ ನೇಮಕವನ್ನು ರದ್ದುಪಡಿಸಲಾಗಿದೆ, ಸೂಜಿ-ಪೆಟ್ಟಿಗೆಯನ್ನು ಕಚೇರಿಗೆ ಒಪ್ಪಿಸತಕ್ಕದ್ದು ಎಂದಿತ್ತು.

ಮುಲ್ಕಿ ಎಂಬುದು ನಿಜಾಮರ ಕಾಲದಿಂದ ಬಂದ ಮಾತು. ಸರ್ಕಾರಿ ನೌಕರಿ ಸಂಸ್ಥಾನದವರಿಗೇ ಸಿಗಬೇಕು. ಹದಿನೈದು ವರ್ಷ ಸಂಸ್ಥಾನದಲ್ಲಿ ನೆಲೆಸಿದವರು ಮುಲ್ಕಿ, ಅಲ್ಲದವರು ಹೊರಗಿನವರು. ಸಂಸ್ಥಾನ ಹೋಗಿ, ರಾಜ್ಯಗಳು ಹೊಸದಾಗಿ ಹಂಚಿಕೆಯಾಗಿ, ಹೈದರಾಬಾದು ಆಂಧ್ರಪ್ರದೇಶದ ರಾಜಧಾನಿಯಾದ ಮೇಲೂ ಆ ಮಾತು ಉಳಿದಿತ್ತು. ಹೊರಗಿನವರು ಸುಳ್ಳು ಕಾಗದ ತೋರಿಸಿ ನಮ್ಮ ನೌಕರಿ ಹೊಡಕೊಂಡರು ಎಂದು ಹಿಂದಿನ ವರ್ಷವಷ್ಟೇ ಹುಡುಗರು ಬೀದಿಗೆ ಇಳಿದಿದ್ದರು. ಆ ಸಿಟ್ಟು ಸುಮ್ಮನೆ ಹುಟ್ಟಿದ್ದಲ್ಲ ಎಂಬುದು ಸೂಗಮ್ಮನಿಗೂ ಗೊತ್ತಿತ್ತು. ನಾರಾಯಣಗೂಡದ ತಮ್ಮ ಮನೆಯ ಮುಂದೆ ಮೆರವಣಿಗೆ ಹೋದಾಗ ಅವಳೇ ಕೊಡದಲ್ಲಿ ನೀರು ತಂದು ಹುಡುಗರಿಗೆ ಕೊಟ್ಟಿದ್ದಳು. ಈಗ ಪುರಸಭೆ ತನ್ನ ನೌಕರರ ಕಾಗದಗಳನ್ನು ತಿರುವಿಹಾಕಿ, ಹೊರಗಿನವಳೆಂದು ಅವಳನ್ನೇ ಆರಿಸಿ ತೆಗೆದಿತ್ತು.

ಅವಳು ಪೆಟ್ಟಿಗೆ ಹಿಡಿದುಕೊಂಡೇ ಕಚೇರಿಗೆ ನಡೆದಳು. ಹೆಡ್ ಗುಮಾಸ್ತ ಸುಬ್ಬರಾಯ ಕುರ್ಚಿ ಎಳೆದು ಕೂರಿಸಿದ. ಕೆಟ್ಟ ಮನುಷ್ಯನಲ್ಲ, ಮೇಲಿನವರು ಹೇಳಿದ್ದನ್ನು ನಯವಾಗಿ ಮಾಡಿ ಮುಗಿಸುವವನು.

"ಸಿಟ್ಟಾಗಬೇಡಿ ಅಮ್ಮಾ" ಎಂದ ತೆಲುಗಿನಲ್ಲಿ. "ನಿಮ್ಮ ಕಾಗದದಲ್ಲಿ ಹುಟ್ಟಿದ ಊರು ಲಿಂಗಸೂಗೂರು ಎಂದಿದೆ. ಅದು ಮೈಸೂರು ರಾಜ್ಯ. ನೀವು ಈ ಊರಿಗೆ ಬಂದು ಹದಿನೈದು ವರ್ಷ ಆಗಿಲ್ಲ."

"ನಾನು ಹುಟ್ಟಿದಾಗ ಲಿಂಗಸೂಗೂರು ನಿಜಾಮರ ರಾಜ್ಯದಲ್ಲಿತ್ತು. ನಮ್ಮಪ್ಪ ಅಲ್ಲಿ ನಿಜಾಮರ ಕಚೇರಿಯಲ್ಲೇ ನೌಕರಿ ಮಾಡಿದವರು."

"ಅದು ಆಗ. ಈಗಲ್ಲವಲ್ಲ."

"ನಾನು ಹುಟ್ಟಿದ್ದೂ ಆಗಲೇ. ಈಗಲ್ಲವಲ್ಲ."

ಸುಬ್ಬರಾಯನಿಗೆ ನಗು ಬಂತು. ಅತ್ತಿತ್ತ ನೋಡಿ ದನಿ ತಗ್ಗಿಸಿದ. "ಇದಕ್ಕೆ ಇಷ್ಟು ತಲೆ ಕೆಡಿಸಿಕೊಳ್ಳುವುದೇಕೆ? ಒಂದು ಪ್ರಮಾಣಪತ್ರ ಮಾಡಿಸೋಣ. ಹುಟ್ಟಿದ ಊರು ನಾರಾಯಣಗೂಡ. ಹೌದೆನ್ನಲು ಇಬ್ಬರು ಸಾಕ್ಷಿಗಳನ್ನು ನಾನೇ ಕೊಡುತ್ತೇನೆ. ಬರುವ ವಾರ ಬಂದು ಪೆಟ್ಟಿಗೆ ತೆಗೆದುಕೊಂಡು ಹೋಗಿ."

ಸೂಗಮ್ಮ ಅವನನ್ನೇ ದಿಟ್ಟಿಸಿದಳು. "ನಿಜ ಬರೆದಿದ್ದಕ್ಕೆ ತೆಗೆದು ಹಾಕಿದಿರಿ. ಸುಳ್ಳು ಬರೆದುಕೊಟ್ಟರೆ ಇಟ್ಟುಕೊಳ್ಳುತ್ತೀರಿ?"

"ಹಾಗೆಂದವರು ಯಾರು? ಕಾಗದ ಸರಿ ಇದ್ದರೆ ಸಾಕು ಎಂದೆ."

"ನನ್ನ ಕಾಗದ ಸರಿಯಾಗೇ ಇದೆ" ಎಂದು ಅವಳು ಪೆಟ್ಟಿಗೆಯನ್ನು ಅವನ ಮೇಜಿನ ಮೇಲಿಟ್ಟು ಹೊರಟಳು.

ಅವಳಂತೆಯೇ ಕಾಗದ ಬಂದಿದ್ದ ಇನ್ನೊಬ್ಬಳು ನೀಲಾ. ಭಾಲ್ಕಿ ಕಡೆಯವಳು. ಇಬ್ಬರೂ ಒಟ್ಟಿಗೇ ತರಬೇತಿ ಮುಗಿಸಿದ್ದರು, ಕೇರಿಯ ಹೆಂಗಸರೆದುರು ತೆಲುಗು ಆಡಿ ತಮ್ಮತಮ್ಮಲ್ಲಿ ಕನ್ನಡ ಆಡುತ್ತ, ಒಂದೇ ಡಬ್ಬಿಯಲ್ಲಿ ರೊಟ್ಟಿ ತಿಂದಿದ್ದರು. ನೀಲಾಳ ಗಂಡ ಕಾರ್ಖಾನೆಯಲ್ಲಿ ಬೆನ್ನು ಮುರಿದುಕೊಂಡು ಹಾಸಿಗೆ ಹಿಡಿದಿದ್ದ. ಅವಳು ಸುಬ್ಬರಾಯ ತೋರಿಸಿದ ಕಡೆ ಸಹಿ ಮಾಡಿದಳು. ಹುಟ್ಟಿದ ಊರು ಕೂಕಟ್‌ಪಲ್ಲಿ ಎಂದಾಯಿತು. ಆಗಿನ್ನೂ ನಗರದಾಚೆಯ ಹಳ್ಳಿಯಾಗಿದ್ದ ಕೂಕಟ್‌ಪಲ್ಲಿಯನ್ನು ಅವಳು ಒಮ್ಮೆಯೂ ಕಂಡವಳಲ್ಲ. ಮರುವಾರ ಅವಳ ಹೆಗಲಿಗೆ ಮತ್ತೆ ಪೆಟ್ಟಿಗೆ ಏರಿತು.

ಮನೆಯಲ್ಲಿ ತಂದೆ ಅಮರೇಶಪ್ಪನವರು ಕೂಗಾಡಲಿಲ್ಲ. ಅದೇ ಕಷ್ಟವಾದದ್ದು. ಜೀವಮಾನವೆಲ್ಲ ಸರ್ಕಾರಿ ಮೇಜಿನ ಹಿಂದೆ ಕಳೆದವರು. ಲಿಂಗಸೂಗೂರಿನಿಂದ ಇಲ್ಲಿಗೆ ವರ್ಗವಾಗಿ ಬಂದು, ರಾಜ್ಯ ಹಂಚಿಕೆಯಾದಾಗ ಮೈಸೂರು ಬೇಡ, ಹೈದರಾಬಾದೇ ಇರಲಿ ಎಂದು ಇಲ್ಲಿ ಉಳಿದವರು. ಸಂಸಾರವನ್ನು ಊರಿನಿಂದ ಕರೆಸಿಕೊಂಡದ್ದು ಆಮೇಲೆ. ಮಗಳು ಗಂಡನನ್ನು ಕಳಕೊಂಡು ಮರಳಿ ಬಂದಾಗ, ಓದು, ನೌಕರಿ ಹಿಡಿ ಎಂದು ತರಬೇತಿಗೆ ಸೇರಿಸಿದವರೂ ಅವರೇ.

"ಸರಕಾರದ ಕೂಡ ಜಿದ್ದಿಗೆ ಬೀಳಬ್ಯಾಡವಾ" ಎಂದರು ಊಟಕ್ಕೆ ಕೂತಾಗ. "ನಾ ಆ ಕುರ್ಚಿ ಮ್ಯಾಲ ಕುಂತು ಬಂದಾಂವ. ಜಿದ್ದು ಮಾಡಿದವರು ಏನಾದ್ರು ಅಂಬೋದು ನೋಡೀನಿ. ಊರಿನ ಹೆಸರು ಒಂದು ಬದಲಿ ಆತು, ಏನು ಹೋತು? ನೀ ಬದಲಿ ಆದಿ ಏನು?"

ಸೂಗಮ್ಮ ಬಾಯಿ ತೆರೆಯುವ ಮೊದಲೇ ರೊಟ್ಟಿ ಬಡಿಯುತ್ತಿದ್ದ ತಾಯಿ ಪಾರ್ವತಿಬಾಯಿ ಕೈ ನಿಲ್ಲಿಸಿದರು.

"ಅಲ್ಲರಿ, ಈಕೀನ್ನ ಲಿಂಗಸೂಗೂರಾಗ ನಮ್ಮವ್ವನ ಮನ್ಯಾಗ ಬ್ಯಾನಿ ತಿಂದು ಹಡದಾಕಿ ನಾನು. ನಾರಾಯಣಗೂಡದಾಗ ಈಕೀನ್ನ ಹಡದಾಕಿ ಯಾರರಿ? ಆಕೀನ್ನ ನನಗೂ ಒಂದೀಟು ತೋರಸ್ರಿ, ನೋಡತೀನಿ."

ಅಮರೇಶಪ್ಪನವರು ತುತ್ತು ಕೈಯಲ್ಲೇ ಹಿಡಿದು ಕೂತರು. ಸೂಗಮ್ಮನಿಗೆ ಆ ದಿನ ಮೊದಲ ಸಲ ನಗು ಬಂತು, ನಗುತ್ತಲೇ ಕಣ್ಣೂ ತುಂಬಿದವು.

"ಯಪ್ಪಾ, ನಾ ಸುಳ್ಳು ಬರದು ಒಳಗ ಹೋದರ, ಹೊರಗಿನಾಕಿ ಅಂದಿದ್ದು ಖರೇ ಅಂತ ನಾನ ಒಪ್ಪಿದಂಗ ಆತು. ನಾ ಹೊರಗಿನಾಕಿ ಅಲ್ಲ. ಒಪ್ಪಂಗಿಲ್ಲ."

ನಾರಾಯಣಗೂಡದಲ್ಲೇ ವಕೀಲ ಪ್ರಾಣೇಶರಾಯರ ಮನೆ. ಅವರ ಹಿರಿಯರೂ ರಾಯಚೂರು ಕಡೆಯಿಂದ ಬಂದವರು. ಕೈಯಲ್ಲಿ ಹಿಡಿದ ಕೇಸುಗಳಿಗಿಂತ ಜಡ್ಜುಗಳೊಡನೆ ಮಾಡಿದ ಜಗಳಗಳೇ ಹೆಚ್ಚು ಎಂದು ಅವರ ಮನೆಯವರೇ ಹೇಳುತ್ತಿದ್ದರು. ಅವರು ಎಲ್ಲ ಕೇಳಿ, ಕನ್ನಡಕ ತೆಗೆದು ಒರೆಸಿದರು.

"ಸೂಗಮ್ಮನವರ, ಕೇಸು ಗಟ್ಟಿ ಅದ. ಆದ್ರ ಒಂದು ಮಾತು ಮೊದಲ ಹೇಳಿಬಿಡ್ತೀನಿ. ನೀವು ನನ್ನ ಕಾಗದ ಒಂದೇ ನೋಡ್ರಿ ಅಂದ್ರ ಕೋರ್ಟು ಕೇಳೂದಿಲ್ಲ. ಇವರ ನೇಮಕ ತಪ್ಪಾದ್ರ ಉಳಿದವರದು ಹ್ಯಾಂಗ ಸರಿ ಅಂತ ಎಲ್ಲಾರದೂ ತರಸ್ತಾರ. ಆಮೇಲೆ ಯಾರದು ಉಳೀತದ, ಯಾರದು ಹೋಗ್ತದ, ನನ್ನ ಕೈಯಾಗೂ ಇಲ್ಲ, ನಿಮ್ಮ ಕೈಯಾಗೂ ಇಲ್ಲ."

"ತರಸ್ಲಿರಿ" ಎಂದಳು ಸೂಗಮ್ಮ. ಆಗ ಅವಳಿಗೆ ನೀಲಾಳ ನೆನಪಾಗಲಿಲ್ಲ.

ನೆನಪಾದದ್ದು ಕೋರ್ಟಿನಲ್ಲಿ. ಮೂಸಿ ಹೊಳೆಯ ದಂಡೆಯ ಹೈಕೋರ್ಟಿನ ಎತ್ತರದ ಕೋಣೆಯಲ್ಲಿ ನ್ಯಾಯಮೂರ್ತಿಗಳು ಪುರಸಭೆಯ ವಕೀಲನನ್ನು ಕೇಳಿದರು: "ಈಕೆಯನ್ನು ತೆಗೆದಿರಿ. ಈಕೆಯ ಜೊತೆ ನೇಮಕವಾದ ಮಿಕ್ಕವರ ಪ್ರಮಾಣಪತ್ರಗಳು ಎಲ್ಲಿ? ಮುಂದಿನ ವಿಚಾರಣೆಗೆ ಎಲ್ಲವೂ ನನ್ನ ಮುಂದಿರಬೇಕು." ಹಿಂದಿನ ಬೆಂಚಿನಲ್ಲಿದ್ದ ಸುಬ್ಬರಾಯ ಕರವಸ್ತ್ರದಿಂದ ಕುತ್ತಿಗೆ ಒರೆಸಿಕೊಂಡ. ಸೂಗಮ್ಮನಿಗೆ ಕೂಕಟ್‌ಪಲ್ಲಿ ಎಂದು ಬರೆದ ನೀಲಾಳ ಕಾಗದ ಕಣ್ಣಿಗೆ ಕಟ್ಟಿತು.

ಮರುದಿನ ಸಂಜೆ ನೀಲಾ ಮನೆಗೆ ಬಂದಳು. ಹೆಗಲಲ್ಲಿ ಪೆಟ್ಟಿಗೆ ಹಾಗೇ ಇತ್ತು. ಒಳಗೆ ಬಾ ಎಂದರೂ ಬರಲಿಲ್ಲ, ಹೊಸ್ತಿಲ ಹೊರಗೇ ನಿಂತಳು.

"ಅರ್ಜಿ ಹಿಂದಕ್ಕ ತಗೋ, ಸೂಗಿ."

"ನೀಲಾ, ಕುಂದರು ಮೊದಲ."

"ಕುಂದರಾಕ ಬಂದಿಲ್ಲ ನಾ. ಅವರು ನನ್ನ ಕಾಗದ ಜಡ್ಜಿನ ಮುಂದ ಇಡತಾರ. ಕೂಕಟ್‌ಪಲ್ಲಿಗೆ ಮಂದಿ ಕಳಿಸಿ ವಿಚಾರಸ್ತಾರ. ನನ್ನ ಸಾಕ್ಷಿ ಹೇಳಿದಾಂವ ಯಾರು ಅಂಬೋದ ನನಗ ಗೊತ್ತಿಲ್ಲ. ಏನು ಹೇಳಲಿ ನಾನು?"

"ಖರೇ ಹೇಳು. ಭಾಲ್ಕಿನೂ ನಿಜಾಮರದ ಇತ್ತಲ್ಲ. ನಿನ್ನ ಹಕ್ಕು ನನ್ನಷ್ಟ ಐತಿ. ಕಚೇರಿಯವರು ಹೇಳಿದ್ರು ಅಂತ ತಪ್ಪು ಬರದೆ, ಇದು ಖರೇ ಅಂತ ಬರಕೊಡು. ಪ್ರಾಣೇಶರಾಯರು ನನ್ನ ಅರ್ಜಿ ಕೂಡ ನಿಂದೂ ಹಚ್ಚತಾರ. ಇಬ್ಬರೂ ಕೂಡೇ ನಿಂದರೂಣು."

"ಇಬ್ಬರೂ ಕೂಡೇ!" ನೀಲಾ ಪೆಟ್ಟಿಗೆಯ ಪಟ್ಟಿಯನ್ನು ಹೆಗಲ ಮೇಲಕ್ಕೆ ಎಳೆದುಕೊಂಡಳು. "ನೀ ಸೋತರ ನಿಮ್ಮಪ್ಪನ ಪಿಂಚಣಿ ಐತಿ. ಮನಿ ಐತಿ. ಸೋತರೂ ನೀ ಉಣ್ಣತಿ. ನಾ ಸೋತರ ನನ್ನ ಮನ್ಯಾಗ ಒಲಿ ಹತ್ತಂಗಿಲ್ಲ. ಜಿದ್ದು ಮಾಡೋದು ಉಂಡವರಿಗೆ ಚಂದ."

ನೀಲಾ ತಿರುಗಿ ಹೋದಳು. ಹೋಗುವ ರಭಸಕ್ಕೆ ಪೆಟ್ಟಿಗೆ ಕಂಬಕ್ಕೆ ಬಡಿದು ಒಳಗಿನ ಗಾಜು ಸದ್ದು ಮಾಡಿತು.

ನೀಲಾ ಆಡಿದ್ದರಲ್ಲಿ ಒಂದು ಮಾತೂ ಸುಳ್ಳಿರಲಿಲ್ಲ. ಸೂಗಮ್ಮ ಪ್ರಾಣೇಶರಾಯರ ಬಳಿ ಹೋಗಿ, ನೀಲಾಳ ಕಾಗದವೊಂದನ್ನು ಬಿಡಿಸಲು ಬರುತ್ತದೆಯೇ ಎಂದು ಕೇಳಿದಳು. ಅವರು ತಲೆ ಅಲ್ಲಾಡಿಸಿದರು. "ಬರೂದಿಲ್ಲ. ಅರ್ಜಿ ಹಿಂದಕ್ಕ ತಗೊಂಡ್ರ ಎಲ್ಲಾರೂ ಉಳೀತಾರ, ನೀವು ಹೋಗ್ತೀರಿ. ತಗೋಬೇಕೋ ಬ್ಯಾಡೋ ನೀವ ಹೇಳ್ರಿ. ಇದ್ರಾಗ ನಾ ಬುದ್ಧಿ ಹೇಳೂದಿಲ್ಲ."

ವಿಚಾರಣೆಯ ದಿನ ಅಮರೇಶಪ್ಪನವರೂ ಜೊತೆಗೆ ಬಂದರು. ಹಳೆಯ ಶೇರವಾನಿ ಹಾಕಿ, ಮಗಳ ಕಡೆಯವರೋ ಸರ್ಕಾರದ ಕಡೆಯವರೋ ತಿಳಿಯದ ಹಾಗೆ ನಾಲ್ಕು ಹೆಜ್ಜೆ ದೂರ ನಿಂತರು. ಕೋರ್ಟಿನ ಪಡಸಾಲೆಯಲ್ಲಿ ಸುಬ್ಬರಾಯ ಓಡಿ ಬಂದ.

"ಅಮ್ಮಾ, ಮೇಲಿನವರ ಜೊತೆ ಮಾತಾಡಿ ಬಂದೆ. ಅರ್ಜಿ ಹಿಂದೆ ತೆಗೆದುಕೊಳ್ಳಿ. ನಿಮಗೆ ಇವತ್ತೇ ನೌಕರಿ. ನಡುವಿನ ಸೇವೆಯೂ ಮುರಿಯುವುದಿಲ್ಲ. ಹುಟ್ಟಿದ ಊರಿನ ವಿಷಯ ಯಾರೂ ಎತ್ತುವುದಿಲ್ಲ. ಲಿಂಗಸೂಗೂರೇ ಇರಲಿ."

ಅಮರೇಶಪ್ಪನವರು ಹತ್ತಿರ ಬಂದರು. "ಇದು ಮರ್ಯಾದಿಯ ದಾರಿ, ಸೂಗಮ್ಮ. ಸುಳ್ಳೂ ಬರೀಬೇಕಾಗಿಲ್ಲ."

ಸೂಗಮ್ಮನಿಗೆ ಒಂದು ಗಳಿಗೆ ಒಪ್ಪಿಬಿಡೋಣ ಅನ್ನಿಸಿತು. ತನಗೆ ನೌಕರಿ, ನೀಲಾಗೂ ನೌಕರಿ. ಆದರೆ ಸುಬ್ಬರಾಯನ ಹಿಂದೆ, ಕಂಬದ ಮರೆಯಲ್ಲಿ ನಿಂತಿದ್ದವನು ಅವಳ ಕಣ್ಣಿಗೆ ಬಿದ್ದ. ಪುರಸಭೆಯ ಅಧ್ಯಕ್ಷರ ಅಕ್ಕನ ಮಗ. ಅವಳ ಜೊತೆಯಲ್ಲೇ ಆರೋಗ್ಯ ನಿರೀಕ್ಷಕನಾಗಿ ನೇಮಕವಾದವನು. ಎಂದೂ ಕೇರಿಗೆ ಕಾಲಿಟ್ಟವನಲ್ಲ. ಅವನು ಈ ಊರಿಗೆ ಬಂದು ಮೂರು ಬೇಸಿಗೆಯೂ ಕಳೆದಿರಲಿಲ್ಲವೆಂದು ಕಚೇರಿಯಲ್ಲಿ ಎಲ್ಲರಿಗೂ ಗೊತ್ತಿತ್ತು. ಇವರಿಗೆ ಹೆದರಿಕೆ ಹುಟ್ಟಿಸಿದ್ದು ನೀಲಾಳ ಕಾಗದವಲ್ಲ, ಅವನದು. ನಿಜವಾಗಿ ಹೊರಗಿನಿಂದ ಬಂದವನನ್ನು ಒಳಗಿಡಲು, ಒಳಗಿನವರಾದ ತಮ್ಮಿಬ್ಬರನ್ನು ಹೊರಗಿನವರೆಂದು ತೋರಿಸಿ, ತೆಗೆದವರ ಲೆಕ್ಕ ಭರ್ತಿ ಮಾಡಿದ್ದರು.

"ಸುಬ್ಬರಾಯರೇ" ಎಂದಳು ಸೂಗಮ್ಮ, ಪಡಸಾಲೆಯಲ್ಲಿದ್ದವರಿಗೆಲ್ಲ ಕೇಳುವಂತೆ. "ನೀಲಾಳಿಂದ ಸುಳ್ಳು ಬರೆಸಿಕೊಂಡವರು ನೀವು. ಬರೆಸಿಕೊಂಡದ್ದು ನಾವೇ ಎಂದು ನೀವು ಒಳಗೆ ಹೇಳಿ, ಅವಳಿಗೆ ನಿಜ ಬರೆದುಕೊಡಲು ಬಿಡಿ. ಆಗ ನಾನು ಅರ್ಜಿ ಹಿಂದೆ ತೆಗೆದುಕೊಳ್ಳುತ್ತೇನೆ."

"ಅದು ಹೇಗಾಗುತ್ತದೆ ಅಮ್ಮಾ? ನನ್ನ ನೌಕರಿ ಹೋಗುತ್ತದೆ."

"ಹೌದಲ್ಲ? ಹೋಗುವ ನೌಕರಿ ಯಾವಾಗಲೂ ನಮ್ಮದೇ ಆಗಬೇಕು. ನಡೀರಿ ಒಳಗೆ."

ತಂದೆಯ ಮುಖ ನೋಡದೆ ಅವಳು ಬಾಗಿಲು ದಾಟಿದಳು.

ಪುರಸಭೆಯ ವಕೀಲ ಇಂಗ್ಲಿಷಿನಲ್ಲಿ ಬಹಳ ಹೊತ್ತು ಮಾತಾಡಿದ. ಅರ್ಜಿದಾರಳ ಮನೆಮಾತು ಕನ್ನಡ, ಊರು ಮೈಸೂರು ರಾಜ್ಯದಲ್ಲಿದೆ, ಆಕೆ ಇಲ್ಲಿಗೆ ವಲಸೆ ಬಂದವಳು ಎಂದ. ನ್ಯಾಯಮೂರ್ತಿಗಳು ಕಾಗದದಿಂದ ತಲೆಯೆತ್ತಿ, ಅರ್ಜಿದಾರರು ಬಂದಿದ್ದಾರೆಯೇ ಎಂದು ಕೇಳಿದರು. ಸೂಗಮ್ಮ ಎದ್ದು ನಿಂತಳು. ಅವರು ಹಿಂದೂಸ್ತಾನಿಯಲ್ಲಿ, ಮನೆಯ ಹಿರಿಯರು ಕೇಳುವ ಹಾಗೆ ಕೇಳಿದರು: "ನೀವು ಹೈದರಾಬಾದಿಗೆ ಬಂದದ್ದು ಯಾವಾಗಮ್ಮ?"

ಅವಳು ಅದೇ ಭಾಷೆಯಲ್ಲಿ, ಕೇರಿಯ ಮುದುಕಿಯರೊಂದಿಗೆ ಆಡುವಷ್ಟೇ ಸಲೀಸಾಗಿ ಅಂದಳು: "ನಾನು ಬರಲಿಲ್ಲ ಸ್ವಾಮಿ, ಹೈದರಾಬಾದಿನಲ್ಲೇ ಹುಟ್ಟಿದೆ. ನಾನು ಹುಟ್ಟಿದಾಗ ನಮ್ಮ ಲಿಂಗಸೂಗೂರು ಹೈದರಾಬಾದ್ ರಾಜ್ಯವೇ ಆಗಿತ್ತು. ಆಮೇಲೆ ಗಡಿ ನಮ್ಮನ್ನು ದಾಟಿಕೊಂಡು ಹೋಯಿತು. ನಾವು ಯಾವ ಗಡಿಯನ್ನೂ ದಾಟಲಿಲ್ಲ. ಗಡಿ ಎಳೆದವರು ನಮ್ಮನ್ನು ಕೇಳಲೂ ಇಲ್ಲ. ಈಗ ವಲಸೆ ಬಂದವಳು ಎನ್ನುತ್ತಾರೆ. ಎಲ್ಲಿಂದ ಬಂದೆ ಎಂದು ಇವರೇ ಹೇಳಲಿ."

ಕೋಣೆಯಲ್ಲಿ ಯಾರೋ ನಕ್ಕರು. ನ್ಯಾಯಮೂರ್ತಿಗಳು ನಗಲಿಲ್ಲ, ಬಗ್ಗಿ ಏನೋ ಬರೆದುಕೊಂಡರು. ಕೂರುವ ಮೊದಲು ಸೂಗಮ್ಮ ಪ್ರಾಣೇಶರಾಯರ ನಿಲುವಂಗಿಯ ತೋಳು ಹಿಡಿದೆಳೆದಳು.

"ನೀಲಾಂದು ಹೇಳ್ರಿ."

"ಆಕಿ ನಮ್ಮ ಕಕ್ಷಿದಾರಳಲ್ಲ."

"ಆದರೂ ಹೇಳ್ರಿ. ನೀವು ಹೇಳದಿದ್ರ ನಾ ಹೇಳತೀನಿ."

ಪ್ರಾಣೇಶರಾಯರು ಉಸಿರುಬಿಟ್ಟು ಮತ್ತೆ ಎದ್ದರು. ಹೊಟ್ಟೆಪಾಡಿನ ಹೆದರಿಕೆಗೆ, ಕಚೇರಿಯವರೇ ಹೇಳಿಕೊಟ್ಟ ಸುಳ್ಳಿಗೆ ಸಹಿ ಹಾಕಿದ ಬಡವರಿದ್ದಾರೆ, ನಿಜ ಹೇಳಿದ್ದರೆ ಅವರಿಗೂ ಹಕ್ಕಿತ್ತು, ಅವರ ಬಾಗಿಲನ್ನು ಶಾಶ್ವತವಾಗಿ ಮುಚ್ಚಬಾರದು ಎಂದು ಕೇಳಿಕೊಂಡರು.

ತೀರ್ಪು ಮಳೆಗಾಲ ಮುಗಿಯುವ ಹೊತ್ತಿಗೆ ಬಂತು. ಹಳೆಯ ಹೈದರಾಬಾದ್ ರಾಜ್ಯದಲ್ಲಿ ಕಳೆದ ವರ್ಷಗಳು ಹೈದರಾಬಾದಿನಲ್ಲೇ ಕಳೆದ ವರ್ಷಗಳು. ಆ ಊರು ಇಂದು ಯಾವ ರಾಜ್ಯದಲ್ಲಿದೆ ಎಂಬುದರಿಂದ ಅರ್ಜಿದಾರಳ ಹಕ್ಕು ಕಡಿಮೆಯಾಗುವುದಿಲ್ಲ. ಸೂಗಮ್ಮನನ್ನು ತೆಗೆದದ್ದು ತಪ್ಪು, ಮರಳಿ ಸೇರಿಸಿಕೊಳ್ಳತಕ್ಕದ್ದು. ಸುಳ್ಳು ಪ್ರಮಾಣದ ಮೇಲೆ ನಿಂತ ನೇಮಕಗಳೆಲ್ಲ ರದ್ದು. ಖಾಲಿಯಾದ ಜಾಗಗಳಿಗೆ ಹೊಸದಾಗಿ ಅರ್ಜಿ ಕರೆಯಬೇಕು. ನಿಜವಾಗಿ ಹಕ್ಕಿದ್ದವರು ನಿಜ ಹೇಳಿಕೊಂಡು ಮತ್ತೆ ಬಂದರೆ ಹಳೆಯ ಸುಳ್ಳು ಅಡ್ಡ ಬರಬಾರದು.

ಅಧ್ಯಕ್ಷರ ಅಕ್ಕನ ಮಗ ಹೋದ. ನೀಲಾಳೂ ಹೋದಳು.

ಅಮರೇಶಪ್ಪನವರು ಮಗಳಿಗೆ ಏನೂ ಹೇಳಲಿಲ್ಲ. ಆದರೆ ಮನೆಗೆ ಮರಳುವ ಬಸ್ಸಿನಲ್ಲಿ ಪಕ್ಕದ ಸೀಟಿನವನಿಗೆ, ಅವನು ಕೇಳದಿದ್ದರೂ, ಮೊದಲಿನಿಂದ ಕಡೆಯವರೆಗೆ ಕೇಸಿನ ಕಥೆ ಹೇಳಿದರು. ಆ ಕಥೆಯಲ್ಲಿ ಕೋರ್ಟಿಗೆ ಹೋಗೆಂದು ಮಗಳಿಗೆ ಧೈರ್ಯ ಕೊಟ್ಟವರು ಅವರೇ ಆಗಿದ್ದರು. ಸೂಗಮ್ಮ ಕಿಟಕಿಯ ಕಡೆ ಮುಖ ಮಾಡಿ, ಕೇಳಿಸದವಳಂತೆ ಕೂತಳು.

ನೀಲಾಳ ಮನೆಗೆ ಅವಳು ಎರಡು ಸಲ ಹೋದಳು. ಒಂದು ಸಲ ಬಾಗಿಲು ತೆರೆಯಲಿಲ್ಲ. ಇನ್ನೊಂದು ಸಲ ನೀಲಾಳ ಗಂಡ ಮಲಗಿದಲ್ಲಿಂದಲೇ, ಆಕೆ ಬೀಡಿ ಕಟ್ಟಲು ಹೋಗಿದ್ದಾಳೆ ಎಂದ. ಹೊಸ ಅರ್ಜಿ ಕರೆದ ದಿನ ಸೂಗಮ್ಮ ಆ ಸುದ್ದಿಯನ್ನು ಅವನ ಕಿವಿಗೆ ಮುಟ್ಟಿಸಿ ಬಂದಳು. ನೀಲಾ ಅರ್ಜಿ ಹಾಕಿದಳು. ಭಾಲ್ಕಿ ಎಂದೇ ಬರೆದಳು. ಕಚೇರಿ ಅವಳನ್ನು ಸತಾಯಿಸಿ, ಓಡಾಡಿಸಿ, ಕೋರ್ಟಿನ ಹೆದರಿಕೆಗೆ ಕೊನೆಗೆ ತೆಗೆದುಕೊಂಡಿತು. ಬೇರೆ ವಾರ್ಡು ಕೊಟ್ಟರು. ಇಬ್ಬರ ದಾರಿಗಳು ಕೂಡಲಿಲ್ಲ.

ಮರುವರ್ಷ ಬೇಸಿಗೆಯಲ್ಲಿ ಒಂದು ಕೇರಿಯಲ್ಲಿ ಸಿಡುಬು ಕಾಣಿಸಿಕೊಂಡಿತೆಂದು ಸುದ್ದಿ ಹಬ್ಬಿ, ಎಲ್ಲ ವಾರ್ಡಿನವರನ್ನೂ ಒಂದೇ ಕಡೆಗೆ ಕಳಿಸಿದರು. ಶಾಲೆಯ ಜಗಲಿಯ ಮೇಲೆ ಒಂದೇ ಮೇಜಿನ ಎರಡು ತುದಿಗೆ ಸೂಗಮ್ಮ, ನೀಲಾ ಕೂತರು. ಕೂಸುಗಳನ್ನು ಎತ್ತಿಕೊಂಡ ಹೆಂಗಸರ ಸಾಲು ಅಂಗಳ ದಾಟಿ ಬೀದಿಗೆ ಹೋಗಿತ್ತು. ಬಿಸಿಲು ಏರಿ ಸಾಲು ತೆಳ್ಳಗಾದಾಗ ನೀಲಾ, ಸೂಜಿಯನ್ನು ಸ್ಪಿರಿಟ್ ದೀಪದ ಜ್ವಾಲೆಯ ಮೇಲೆ ಹಿಡಿದು, ಅದರತ್ತಲೇ ನೋಡುತ್ತ ಕೇಳಿದಳು:

"ಒಂದು ಕೇಳತೀನಿ. ನಾ ಬೀಡಿ ಕಟ್ಟಿದ್ದು, ನನ್ನ ಮಕ್ಕಳು ಮಜ್ಜಿಗಿ ನೀರು ಕುಡದು ಮಲಗಿದ್ದು, ಎಲ್ಲಾ ಹಿಂಗ ಆಗತೈತಿ ಅಂತ ಮೊದಲ ಗೊತ್ತಿದ್ರ, ನೀ ಕೋರ್ಟಿಗೆ ಹೋಗತಿದ್ದಿ ಏನು?"

ಸೂಗಮ್ಮ ಮುಂದಿದ್ದ ಕೂಸಿನ ತೋಳು ಒರೆಸಿದಳು. ಮೆತ್ತನೆಯ ಉತ್ತರಗಳು ನಾಲಿಗೆಯವರೆಗೆ ಬಂದು ನಿಂತವು. ಅವನ್ನು ನುಂಗಿಕೊಂಡಳು.

"ಹೋಗತಿದ್ದೆ" ಎಂದಳು. "ಅಳಕೋಂತ ಹೋಗತಿದ್ದೆ. ಆದ್ರ ಹೋಗತಿದ್ದೆ."

ನೀಲಾ ಸೂಜಿಯನ್ನು ಜ್ವಾಲೆಯಿಂದ ತೆಗೆದಳು.

"ಹೂಂ. ಹೋಗತಿದ್ದಿಲ್ಲ ಅಂತ ಸುಳ್ಳು ಹೇಳಿದ್ರ ಈ ಮೇಜು ಬಿಟ್ಟು ಎದ್ದು ಹೋಗತಿದ್ದೆ ನಾ" ಎಂದು, ಮುಂದಿನ ಹೆಂಗಸನ್ನು ಕೈಸನ್ನೆ ಮಾಡಿ ಕರೆದಳು.